ಬುತೋ ನೃತ್ಯ: ಬಿಳಿ ಮೈ, ನಿಧಾನ ನಡಿಗೆ ಎಲ್ಲಿಂದ ಬಂದವು? ಅಭ್ಯಾಸ ಎಲ್ಲಿಂದ ಶುರು ಮಾಡಬೇಕು?

ಹೆಜ್ಜೆಗುರುತು ಕೇಳಿದ್ದು:

ನಟರ ಶಿಬಿರವೊಂದರಲ್ಲಿ ಒಂದು ಪೂರ್ತಿ ದಿನ ಜಪಾನಿನ ಬುತೋ ನೃತ್ಯಕ್ಕೆ ಇಟ್ಟಿದ್ದೇವೆ. ಬೆಳಿಗ್ಗೆ ಒಂದೂವರೆ ಗಂಟೆ ಹಿನ್ನೆಲೆ, ಮಧ್ಯಾಹ್ನ ಮೂರು ಗಂಟೆ ಮೈಯ ಅಭ್ಯಾಸ. ಹದಿನಾಲ್ಕು ಜನ ಇದ್ದಾರೆ. ಹೆಚ್ಚಿನವರು ನಟರು, ಮೂವರು ಭರತನಾಟ್ಯ ಕಲಿತವರು.

ಸಿಕ್ಕಿದ್ದನ್ನೆಲ್ಲ ಓದಿದ ಮೇಲೆ ಗೊಂದಲ ಹೆಚ್ಚಾಗಿದೆ. ಹಿರೋಶಿಮಾ ಬಾಂಬಿಗೆ ಉತ್ತರವಾಗಿ ಹುಟ್ಟಿದ ನೃತ್ಯ ಅಂತ ಒಂದು ಕಡೆ ಇದೆ, ಅದು ಸುಳ್ಳು ಅಂತ ಇನ್ನೊಂದು ಕಡೆ. ಎಲ್ಲವೂ ಆಶು, ಹೆಜ್ಜೆ ಕಲಿಸುವುದೇ ಇಲ್ಲ ಅನ್ನುವವರಿದ್ದಾರೆ. ಪ್ರತಿ ಬೆರಳಿನ ಚಲನೆಯೂ ಮೊದಲೇ ಬರೆದದ್ದು ಅನ್ನುವವರೂ ಇದ್ದಾರೆ. ನಿಧಾನ ಮತ್ತು ಬಿಳಿ ಬಣ್ಣ ಇದರ ನಿಯಮಗಳೇ? ಮೂರು ಗಂಟೆಯಲ್ಲಿ ಯಾರ ಮಂಡಿಗೂ ಪೆಟ್ಟಾಗದಂತೆ ಏನು ಮಾಡಿಸಬಹುದು? ಬಿಳಿ ಬಳಿಯುವುದಾದರೆ ಯಾವುದರಿಂದ? ಬಲ್ಲವರು ಬಿಡಿಸಿ ಹೇಳಬೇಕು.

ಕತ್ತಲಂಗಳ:

ಹಿರೋಶಿಮಾದಿಂದಲೇ ಶುರು ಮಾಡೋಣ. ಎಲ್ಲ ಕಡೆ ಮೊದಲು ಕೇಳಿಬರುವ ಮಾತು ಅದೇ, ತಪ್ಪು ದಾರಿಗೆ ಎಳೆಯುವ ಮಾತೂ ಅದೇ. ಬುತೋ ಕಟ್ಟಿದ ಇಬ್ಬರಲ್ಲಿ ಯಾರೂ ಆ ಸೀಮೆಯವರಲ್ಲ. ಹಿಜಿಕಾತ ತತ್ಸುಮಿ 1928ರಲ್ಲಿ ಹುಟ್ಟಿದ್ದು ಜಪಾನಿನ ಈಶಾನ್ಯದಲ್ಲಿರುವ ತೊಹೊಕು ಪ್ರದೇಶದ ಅಕಿತಾದಲ್ಲಿ. ಹಿಮ, ಗದ್ದೆ ಮತ್ತು ಬಡತನದ ಊರು. ಓನೋ ಕಜುಓ 1906ರಲ್ಲಿ ಹುಟ್ಟಿದ್ದು ಅದಕ್ಕಿಂತಲೂ ಉತ್ತರಕ್ಕೆ, ಹೊಕ್ಕೈದೋ ದ್ವೀಪದ ಹಾಕೋದಾತೆಯಲ್ಲಿ. ಇವರ ಮೊದಲ ಪ್ರಯೋಗಗಳ ವಸ್ತು ಅಣುಬಾಂಬ್ ಅಲ್ಲ. ಕಾಮ, ಅಪರಾಧ, ಸಾವು, ಸಮಾಜ ಮುಚ್ಚಿಡುವ ಮೈ, ಇವೇ ಅಲ್ಲಿದ್ದವು. ಹಾಗಂತ ಯುದ್ಧದ ನೆರಳು ಇಲ್ಲ ಅನ್ನುವಂತಿಲ್ಲ. ಓನೋ ಒಂಬತ್ತು ವರ್ಷ ಸೈನ್ಯದಲ್ಲಿ ಚೀನಾ ಮತ್ತು ನ್ಯೂಗಿನಿಯಲ್ಲಿದ್ದವರು, ಯುದ್ಧಕೈದಿಯಾಗಿದ್ದವರು. ಊರಿಗೆ ಮರಳುವ ಹಡಗಿನಲ್ಲಿ ಹಸಿವು, ಕಾಯಿಲೆಯಿಂದ ಸತ್ತವರನ್ನು ಸಮುದ್ರಕ್ಕೆ ಬಿಡುವುದನ್ನು ಕಂಡಿದ್ದರು. 1950ರ ದಶಕದಲ್ಲಿ ಅವರು ಮಾಡಿದ ಲೋಳೆಮೀನಿನ ಕುಣಿತದ ಬೇರು ಅಲ್ಲಿದೆ. ಯುದ್ಧ ಇದೆ, ಆದರೆ ಒಬ್ಬೊಬ್ಬರ ಮೈಯೊಳಗೆ ಇಳಿದ ಯುದ್ಧ. ‘ಬಾಂಬಿಗೆ ಪ್ರತಿಕ್ರಿಯೆ’ ಅಂದುಬಿಟ್ಟರೆ ನಿಮ್ಮ ನಟರು ಮಧ್ಯಾಹ್ನ ಸುಟ್ಟ ಗಾಯಾಳುಗಳ ಪಾತ್ರ ಮಾಡಲು ಶುರು ಮಾಡುತ್ತಾರೆ. ಅಲ್ಲಿಗೆ ದಿನ ಕೆಟ್ಟಿತು.

ಇನ್ನೊಂದು ಬೇರು ಜರ್ಮನಿಯದು. ಎಗುಚಿ ತಕಾಯ 1930ರ ದಶಕದ ಆರಂಭದಲ್ಲಿ ಜರ್ಮನ್ ನರ್ತಕಿ ಮೇರಿ ವಿಗ್ಮನ್ ಹತ್ತಿರ ಕಲಿತು ಬಂದು ಜಪಾನಿನಲ್ಲಿ ಅಭಿವ್ಯಕ್ತಿವಾದಿ ನೃತ್ಯ ಕಲಿಸಿದವರು. ಓನೋ 1933ರಲ್ಲಿ ಆಧುನಿಕ ನೃತ್ಯದ ಇಶಿಇ ಬಾಕು ಬಳಿ, 1936ರಲ್ಲಿ ಎಗುಚಿ ಬಳಿ ಕಲಿಯಲು ಸೇರಿದರು. ಹಿಜಿಕಾತ ಅಕಿತಾದಲ್ಲಿ ಮೊದಲು ಕಲಿತದ್ದು ಎಗುಚಿಯ ಶಿಷ್ಯೆಯೊಬ್ಬರ ಹತ್ತಿರ. ಹಾಗಾಗಿ ಬುತೋ ಪುರಾತನ ಪೂರ್ವದ ಗುಹೆಯಿಂದ ಎದ್ದು ಬಂದದ್ದಲ್ಲ. ಆಧುನಿಕ ನೃತ್ಯವನ್ನು ಚೆನ್ನಾಗಿ ಕಲಿತವರು ಅದು ತಮ್ಮ ಮೈಗೆ ಒಗ್ಗುವುದಿಲ್ಲ ಎಂದು ಕಂಡುಕೊಂಡು ಅದರೊಳಗಿಂದಲೇ ಒಡೆದು ಹೊರಬಂದದ್ದು.

ತಾರೀಖು ಬೇಕೆಂದರೆ 1959ರ ಮೇ 24, ತೋಕಿಯೋದ ದಾಯಿಚಿ ಸೇಮೆಯಿ ಸಭಾಂಗಣ. ಹೊಸ ಕಲಾವಿದರ ಪ್ರದರ್ಶನದಲ್ಲಿ ಹಿಜಿಕಾತ ‘ಕಿಂಜಿಕಿ’ ಎಂಬ ಚಿಕ್ಕ ಕೃತಿ ತಂದರು. ಮಿಶಿಮಾ ಯುಕಿಓ ಅವರ ಕಾದಂಬರಿಯ ಹೆಸರನ್ನೇ ಇಟ್ಟಿದ್ದರು, ಒಳಗಿನ ಸ್ಫೂರ್ತಿಯಲ್ಲಿ ಫ್ರಾನ್ಸಿನ ಲೇಖಕ ಜಾನ್ ಜನೇ ಕೂಡ ಇದ್ದ. ರಂಗದಲ್ಲಿ ಹೆಚ್ಚೂಕಡಿಮೆ ಕತ್ತಲೆ. ಒಬ್ಬ ಗಂಡಸು, ಒಬ್ಬ ಹುಡುಗ, ಒಂದು ಜೀವಂತ ಕೋಳಿ. ಹುಡುಗ ಕೋಳಿಯನ್ನು ತೊಡೆಗಳ ನಡುವೆ ಅದುಮುತ್ತಾನೆ. ಕೊನೆಗೆ ಪೂರ್ತಿ ಕತ್ತಲಲ್ಲಿ ಓಡುವ ಹೆಜ್ಜೆಗಳ ಸದ್ದು. ಹುಡುಗನ ಪಾತ್ರ ಓನೋ ಅವರ ಮಗ ಯೊಶಿತೋ ಅವರದು. ಗದ್ದಲವಾಯಿತು, ಹಿಜಿಕಾತ ನೃತ್ಯ ಸಂಘದಿಂದ ಹೊರಬಂದರು, ಮಿಶಿಮಾ ಅವರ ಗೆಳೆತನ ಸಿಕ್ಕಿತು.

ಹೆಸರಿನ ವಿಷಯ ಬೆಳಿಗ್ಗೆ ಹೇಳಲೇಬೇಕು. ಮೊದಲು ‘ಅಂಕೋಕು ಬುಯೋ’ ಎಂದಿತ್ತು, 1960ರ ದಶಕದಲ್ಲಿ ಅದು ‘ಅಂಕೋಕು ಬುತೋ’ ಆಯಿತು. ಅಂಕೋಕು ಎಂದರೆ ಕಾರ್ಗತ್ತಲು. ಬುಯೋ ಎಂಬುದು ಸಂಪ್ರದಾಯದ ನೃತ್ಯಕ್ಕೆ ಅಂಟಿಕೊಂಡ ಮರ್ಯಾದಸ್ಥ ಪದ. ಬುತೋ ಎಂಬ ಪದದಲ್ಲಿ ‘ಬು’ ಕುಣಿತ, ‘ತೋ’ ತುಳಿತ. ಅದು ಪಾಶ್ಚಾತ್ಯ ಬಾಲ್ ಡ್ಯಾನ್ಸಿಗೆ ಬಳಸುತ್ತಿದ್ದ ಪದ. ಅದನ್ನು ಎತ್ತಿಕೊಂಡು ನೆಲ ತುಳಿಯುವ ಅರ್ಥವನ್ನು ಮುಂದಕ್ಕೆ ತಂದರು.

ಈಗ ನಿಮ್ಮ ಬಿಳಿ ಮತ್ತು ನಿಧಾನ. 1968ರ ಅಕ್ಟೋಬರಿನಲ್ಲಿ ಹಿಜಿಕಾತ ಮಾಡಿದ ‘ಮೈಯ ಬಂಡಾಯ’ ಎಂಬ ಪ್ರದರ್ಶನದಲ್ಲಿ ಎರಡೂ ನಿಯಮವಾಗಿರಲಿಲ್ಲ. ಉಪವಾಸ ಮಾಡಿ ಸೊರಗಿಸಿ, ಬಿಸಿಲಿಗೆ ಕಂದಿಸಿದ ಮೈ. ಮದುವೆಯ ಕಿಮೋನೋವನ್ನು ಹಿಂದುಮುಂದಾಗಿ ತೊಟ್ಟು ಪಲ್ಲಕ್ಕಿಯಲ್ಲಿ ಬಂದರು. ಸೊಂಟಕ್ಕೆ ಬಂಗಾರ ಬಣ್ಣದ ಶಿಶ್ನ ಕಟ್ಟಿಕೊಂಡು, ಆಮೇಲೆ ಉದ್ದ ಗೌನುಗಳಲ್ಲಿ ರಭಸವಾಗಿ ಕುಣಿದರು. ಕೊನೆಗೆ ಹಗ್ಗಗಳಿಂದ ಪ್ರೇಕ್ಷಕರ ತಲೆಯ ಮೇಲೆ ಎಳೆಸಿಕೊಂಡರು. ಇಂದು ನಾವು ಫೋಟೋಗಳಲ್ಲಿ ಕಾಣುವ ಬುತೋ, ಅಂದರೆ ಮಂಡಿ ಬಾಗಿದ, ಸಂಕುಚಿತ, ಬಿಳಿ ಬಳಿದ ಮೈ, ಗಟ್ಟಿಯಾದದ್ದು ಇದರ ನಂತರ, 1972ರ ‘ನಾಲ್ಕು ಋತುಗಳಿಗೆ ಇಪ್ಪತ್ತೇಳು ರಾತ್ರಿ’ ಎಂಬ ಸರಣಿಯ ಹೊತ್ತಿಗೆ.

ಆ ತಿರುವಿನಲ್ಲೇ ಈ ಕಲೆಯ ತತ್ತ್ವವಿದೆ. ಹಿಜಿಕಾತ ತೊಹೊಕುವಿಗೆ ಮನಸ್ಸಿನಲ್ಲಿ ಮರಳಿದರು. ಅಲ್ಲಿ ಗದ್ದೆ ಕೆಲಸಕ್ಕೆ ಹೋಗುವಾಗ ಮಕ್ಕಳನ್ನು ‘ಇಜುಮೆ’ ಎಂಬ ಹುಲ್ಲಿನ ಬುಟ್ಟಿಯಲ್ಲಿ ಅಲುಗದಂತೆ ಕೂರಿಸಿ ಹೋಗುತ್ತಿದ್ದರು. ಸಂಜೆ ಎತ್ತಿದಾಗ ಮಗುವಿನ ಕಾಲು ಮಡಚಿದ್ದು ಮಡಚಿದಂತೆಯೇ, ನೆಟ್ಟಗಾಗುವುದಿಲ್ಲ. ತನ್ನ ಕಾಲು ತನ್ನದಲ್ಲ ಎನ್ನುವಂತೆ ಮಗು ನೋಡುತ್ತದೆ. ಹಿಜಿಕಾತ ತಮ್ಮ ಒಂದು ಭಾಷಣದಲ್ಲಿ ಇದನ್ನು ವಿವರಿಸಿದ್ದಾರೆ. ಬ್ಯಾಲೆ ಈ ಕಾಲನ್ನು ದೋಷವೆಂದು ನೋಡುತ್ತದೆ, ತಿದ್ದಿ ಉದ್ದ ಮಾಡಿ ನೆಲದಿಂದ ಎತ್ತುತ್ತದೆ. ಹಿಜಿಕಾತ ಆ ಮಡಚಿದ ಕಾಲಿನಿಂದಲೇ ನೃತ್ಯ ಶುರುವಾಗಲಿ ಎಂದರು. ಬುತೋ ಎಂದರೆ ಪ್ರಾಣವನ್ನೆಲ್ಲ ಒಟ್ಟುಗೂಡಿಸಿ ಎದ್ದು ನಿಂತ ಹೆಣ ಎಂಬ ಅವರ ಮಾತಿಗೆ ಅರ್ಥ ಬರುವುದು ಇಲ್ಲಿ. ನಿಲ್ಲುವುದೇ ಸಾಹಸ. ನಾವು ಪುಕ್ಕಟೆ ಅಂದುಕೊಂಡ ‘ನಿಂತಿದ್ದೇನೆ’ ಎನ್ನುವುದನ್ನು ಪ್ರತಿ ಕ್ಷಣ ಸಂಪಾದಿಸಬೇಕು. ನಿಧಾನ ಅದರ ಫಲ. ನಿಯಮವಲ್ಲ.

ಒಂದು ಮಾತು ಬದಿಗೆ: ಫೋಟೋ ನೋಡಿ ‘ಇದು ನಮ್ಮ ಭೂತಕೋಲದ ಹಾಗೆ’ ಅನ್ನುವವರು ಶಿಬಿರದಲ್ಲಿ ಖಂಡಿತ ಇರುತ್ತಾರೆ. ಕೋಲದಲ್ಲಿ ದೈವ ಬರುತ್ತದೆ, ಊರು ಅದರ ಮಾತು ಕೇಳುತ್ತದೆ, ನ್ಯಾಯ ತೀರ್ಮಾನವಾಗುತ್ತದೆ. ಬುತೋದಲ್ಲಿ ದೈವವಿಲ್ಲ, ನಂಬುವ ಊರಿಲ್ಲ, ಟಿಕೆಟ್ ಕೊಂಡ ಪ್ರೇಕ್ಷಕರಿದ್ದಾರೆ. ಹೋಲಿಕೆಯನ್ನು ಅಲ್ಲೇ ಬಿಡಿ, ಎರಡಕ್ಕೂ ಅನ್ಯಾಯವಾಗುತ್ತದೆ.

ಮಂಡಿಮಾತು:

ಆಶುವೋ ಬರೆದದ್ದೋ ಎಂಬ ಪ್ರಶ್ನೆಗೆ ಬರುತ್ತೇನೆ. ಹಿಜಿಕಾತ ಬಳಸಿದ್ದು ‘ಬುತೋ-ಫು’. ಫು ಎಂದರೆ ಸಂಗೀತಕ್ಕೆ ಸ್ವರಲಿಪಿ ಇದ್ದ ಹಾಗೆ. ಆದರೆ ಅದರಲ್ಲಿ ‘ಬಲಗೈ ಮೇಲೆ, ಎಡಗಾಲು ಹಿಂದೆ’ ಎಂದು ಇರುವುದಿಲ್ಲ. ಮಾತಿನ ಚಿತ್ರಗಳಿರುತ್ತವೆ. ಅವರು ಪತ್ರಿಕೆಗಳಿಂದ ಬೇಕನ್, ಗೋಯಾ, ಬೆಲ್ಮರ್, ವೊಲ್ಸ್, ಮಿಶೋ, ಟರ್ನರ್ ಮುಂತಾದವರ ಚಿತ್ರಗಳನ್ನು ಕತ್ತರಿಸಿ ಪುಸ್ತಕಗಳಿಗೆ ಅಂಟಿಸಿ ಪಕ್ಕದಲ್ಲಿ ಟಿಪ್ಪಣಿ ಬರೆಯುತ್ತಿದ್ದರು. ಆ ಪುಸ್ತಕಗಳು ಈಗ ತೋಕಿಯೋದ ಕೇಯೋ ವಿಶ್ವವಿದ್ಯಾಲಯದ ಕಲಾ ಕೇಂದ್ರದಲ್ಲಿವೆ. ಮೆಗುರೋದಲ್ಲಿದ್ದ ‘ಆಸ್ಬೆಸ್ಟಾಸ್ ಭವನ’ ಎಂಬ ಅಭ್ಯಾಸಮನೆಯಲ್ಲಿ ಅವರು ಚಿಕ್ಕ ಡೋಲು ಬಡಿಯುತ್ತ ಒಂದರ ಮೇಲೊಂದು ಚಿತ್ರ ಹೇಳುವುದು, ಆಶಿಕಾವ ಯೊಕೋ ಮುಂತಾದ ಶಿಷ್ಯರು ಅದನ್ನು ಮೈಗೆ ತೆಗೆದುಕೊಳ್ಳುವುದು. ರಾತ್ರಿ ಶಿಷ್ಯರು ನೆನಪಿನಿಂದ ನೋಟ್‌ಬುಕ್ಕಿಗೆ ಇಳಿಸಿದ್ದು ಉಳಿದಿದೆ, ಆದ್ದರಿಂದ ಒಂದೇ ಅಭ್ಯಾಸದ ಪಾಠಾಂತರಗಳಿವೆ. ವಗುರಿ ಯುಕಿಓ ತಮ್ಮ ಟಿಪ್ಪಣಿಗಳನ್ನು ಏಳು ಲೋಕಗಳಾಗಿ ವಿಂಗಡಿಸಿ 1998ರಲ್ಲಿ ಸಿಡಿ-ರಾಮ್ ಮಾಡಿದರು: ಹೂವು, ಪಶುಪಕ್ಷಿ, ಗೋಡೆ, ನರರೋಗದ ವಾರ್ಡು, ಸುಟ್ಟ ಸೇತುವೆ ಹೀಗೆ. ಹಾಗಾಗಿ ಹಿಜಿಕಾತ ಧಾರೆಯಲ್ಲಿ ಕೃತಿ ಬಿಗಿಯಾಗಿ ಕಟ್ಟಿದ್ದು. ಚಲನೆ ಗೊತ್ತುಪಡಿಸಿದ್ದು, ಅದಕ್ಕೆ ಜೀವ ಕೊಡುವ ಚಿತ್ರವೂ ಗೊತ್ತುಪಡಿಸಿದ್ದು.

ಮೂರು ಗಂಟೆಗೆ ಎರಡೇ ಅಭ್ಯಾಸ ಇಟ್ಟುಕೊಳ್ಳಿ. ಆರು ಮಾಡಿಸಿದರೆ ಆರೂ ಆಟವಾಗುತ್ತವೆ.

ಮೊದಲನೆಯದು ನಡಿಗೆ. ಎಂಟರಿಂದ ಹತ್ತು ಮೀಟರ್ ಉದ್ದದ ಜಾಗ ಬೇಕು, ನೆಲ ಮರದ್ದೋ ದಪ್ಪ ಜಮಖಾನದ್ದೋ ಆಗಿರಲಿ. ಬರಿಗಾಲು. ಏಳೇಳು ಜನರ ಎರಡು ಗುಂಪು ಮಾಡಿ, ಒಂದು ನಡೆಯಲಿ, ಇನ್ನೊಂದು ನೋಡಲಿ. ಪಾದಗಳು ಸಮಾನಾಂತರ, ಮಂಡಿ ನಾಲ್ಕು ಬೆರಳಿನಷ್ಟು ಸಡಿಲ, ಅಷ್ಟೇ. ಈಗ ಶಿಷ್ಯರ ಟಿಪ್ಪಣಿಗಳಿಂದ ಬಂದ ಶರತ್ತುಗಳನ್ನು ಒಂದೊಂದಾಗಿ ಕೊಡಿ. ಪಾದದಡಿ ರೇಜರ್ ಬ್ಲೇಡು ಇದೆ. ಎರಡು ನಿಮಿಷ ಅದೊಂದೇ. ಆಮೇಲೆ ತಲೆಯ ಮೇಲೆ ತುಂಬಿದ ನೀರಿನ ಬಟ್ಟಲು. ಮತ್ತೆ ಎರಡು ನಿಮಿಷ. ಕಣ್ಣು ಗಾಜಿನದು, ಏನನ್ನೂ ನೋಡುವುದಿಲ್ಲ, ಹಣೆಯಲ್ಲಿ ಇನ್ನೊಂದು ಕಣ್ಣಿದೆ. ಕೊನೆಗೆ ಕೀಲು ಕೀಲಿಗೂ ಜೇಡನ ನೂಲು ಕಟ್ಟಿ ಮೇಲಿನಿಂದ ತೂಗಿಬಿಟ್ಟಿದೆ. ಹೊಸದು ಬಂದಾಗ ಹಳೆಯದನ್ನು ಬಿಡಬಾರದು. ನಾಲ್ಕೂ ಒಟ್ಟಿಗೆ ಇರಬೇಕು.

ಎಲ್ಲಿ ಕೆಡುತ್ತದೆ ಎಂದರೆ ಎರಡನೆಯದರಲ್ಲಿ. ಬಟ್ಟಲು ಬಂದ ಕೂಡಲೇ ಬ್ಲೇಡು ಮರೆತುಹೋಗುತ್ತದೆ, ಪಾದ ಮತ್ತೆ ಧೈರ್ಯವಾಗಿ ಊರುತ್ತದೆ. ನೋಡುವ ಗುಂಪಿಗೆ ಇದನ್ನೇ ಗಮನಿಸಲು ಹೇಳಿ: ಹಿಮ್ಮಡಿ ಸದ್ದು ಕೇಳಿದರೆ ಬ್ಲೇಡು ಹೋಯಿತು, ಗದ್ದ ಮೇಲೆ ಬಂದರೆ ಬಟ್ಟಲು ಚೆಲ್ಲಿತು, ಹುಬ್ಬು ಗಂಟಿಕ್ಕಿದರೆ ಗಾಜಿನ ಕಣ್ಣು ಹೋಯಿತು. ನಾಲ್ಕನ್ನೂ ಹಿಡಿದುಕೊಳ್ಳುವುದರಲ್ಲೇ ಗಮನವೆಲ್ಲ ಖರ್ಚಾಗಿ ‘ನಾನು ನಡೆಯುತ್ತಿದ್ದೇನೆ’ ಎನ್ನುವುದಕ್ಕೆ ಏನೂ ಉಳಿಯುವುದಿಲ್ಲ. ಅದೇ ಬೇಕಾದದ್ದು. ‘ನಿಧಾನ ನಡೆಯಿರಿ’ ಎಂಬ ಮಾತನ್ನು ಇಡೀ ಮಧ್ಯಾಹ್ನ ಒಮ್ಮೆಯೂ ಆಡಬೇಡಿ. ಆಡಿದರೆ ಉಸಿರು ಬಿಗಿಹಿಡಿದು, ತೊಡೆ ನಡುಗಿಸಿಕೊಂಡು, ಸಿನಿಮಾದ ಪ್ರೇತದ ಹಾಗೆ ಬರುತ್ತಾರೆ.

ಎರಡನೆಯದು ಹುಳುವಿನ ಅಭ್ಯಾಸ. ಸುಮ್ಮನೆ ನಿಲ್ಲಬೇಕು. ಬಲಗೈ ಹಿಂಬದಿಯಲ್ಲಿ ಒಂದು ಹುಳು ಹರಿಯುತ್ತಿದೆ. ಎರಡನೆಯದು ಎಡ ಕತ್ತಿನಿಂದ ಬೆನ್ನಿಗೆ ಇಳಿಯುತ್ತದೆ. ಮೂರನೆಯದು ಬಲ ತೊಡೆಯ ಒಳಗಡೆಯಿಂದ ಮೇಲಕ್ಕೆ. ನಾಲ್ಕನೆಯದು ಎಡ ಭುಜದಿಂದ ಎದೆಗೆ. ಐದನೆಯದು ಎಲ್ಲಿದೆ ಎಂದು ಅವರೇ ಕಂಡುಕೊಳ್ಳಲಿ. ಆಮೇಲೆ ಹುಳುಗಳು ನೂರಾಗುತ್ತವೆ, ರೋಮರಂಧ್ರದಿಂದ ಒಳಗೆ ಹೋಗುತ್ತವೆ, ಒಳಗಿನದ್ದನ್ನು ತಿನ್ನುತ್ತವೆ, ಕಡೆಗೆ ಮೈಯಾಚೆಯ ಗಾಳಿಯನ್ನೂ ತಿನ್ನುತ್ತವೆ. ಪ್ರತಿ ಹುಳುವಿಗೆ ಕನಿಷ್ಠ ಒಂದು ನಿಮಿಷ ಕೊಡಿ. ಹಿಂದಿನ ಹುಳುವಿನ ಜಾಗದಲ್ಲಿ ಚರ್ಮ ಎಚ್ಚರವಾಗುವ ಮುಂಚೆ ಮುಂದಿನದನ್ನು ಬಿಟ್ಟರೆ ಆಮೇಲಿನದೆಲ್ಲ ಬರೀ ಅಭಿನಯ.

ನಟರು ಮಾಡುವ ತಪ್ಪು ಒಂದೇ, ತುರಿಸಿಕೊಂಡು ಮುಖ ಕಿವುಚುತ್ತಾರೆ. ಹುಳುವನ್ನು ‘ತೋರಿಸಲು’ ಹೋಗುತ್ತಾರೆ. ಅವರಿಗೆ ಹೇಳಬೇಕಾದ್ದು ‘ತೋರಿಸಬೇಡಿ, ಅದು ಅಲುಗಿಸಿದರೆ ಅಲುಗಿ’ ಅಂತ. ನಿಜವಾಗಿ ಹಿಡಿದಾಗ ಚಲನೆ ತೀರ ಸಣ್ಣದಾಗಿ, ನಿರೀಕ್ಷಿಸದ ಕಡೆ ಬರುತ್ತದೆ: ಬಲಗೈ ಹುಳುವಿಗೆ ಎಡ ಭುಜ ಸರಿಯುತ್ತದೆ, ಕಾಲಿನ ಹೆಬ್ಬೆರಳು ಏಳುತ್ತದೆ. ನೋಡುವವರಿಗೆ ಹುಳು ಕಾಣುವುದಿಲ್ಲ, ಕಾಣಲೂ ಬೇಕಿಲ್ಲ. ಏನೋ ಇವರನ್ನು ಕುಣಿಸುತ್ತಿದೆ ಎಂಬುದು ಮಾತ್ರ ಕಾಣುತ್ತದೆ.

ಈ ಅಭ್ಯಾಸ ಕೆಲವರಿಗೆ ನಿಜಕ್ಕೂ ಕಷ್ಟ. ಶುರುವಿನಲ್ಲೇ ಹೇಳಿಬಿಡಿ, ಬೇಡ ಅನ್ನಿಸಿದರೆ ಗೋಡೆಗೆ ಹೋಗಿ ಒರಗಿ ಕೂತುಕೊಳ್ಳಬಹುದು, ಕಾರಣ ಹೇಳಬೇಕಿಲ್ಲ. ಮುಗಿದ ಮೇಲೆ ಐದು ನಿಮಿಷ ಅಂಗೈಯಿಂದ ಕೈಕಾಲು, ಬೆನ್ನು ಗಟ್ಟಿಯಾಗಿ ಉಜ್ಜಿಕೊಳ್ಳಲಿ, ನೀರು ಕುಡಿಯಲಿ. ಇದನ್ನು ಬಿಟ್ಟು ನೇರ ಚರ್ಚೆಗೆ ಕೂರಿಸಬೇಡಿ.

ಮಂಡಿಯ ವಿಷಯ. ‘ಗನಿಮಾತ’ ಎಂಬ ಬಾಗುಗಾಲಿನ ನಿಲುವು ಬುತೋಗೆ ಹೆಸರಾದದ್ದು. ನಿಮ್ಮ ಭರತನಾಟ್ಯದವರು ಅದನ್ನು ಕಂಡ ಕೂಡಲೇ ಅರಮಂಡಿಗೆ ಕೂರುತ್ತಾರೆ. ಎರಡೂ ಬೇರೆ. ಅರಮಂಡಿಯಲ್ಲಿ ಬೆನ್ನು ನೆಟ್ಟಗೆ, ತೂಕ ಪಾದದ ಪೂರ್ತಿ ಮೇಲೆ, ತೊಡೆ ಬುಡದಿಂದ ತಿರುಗಿದ್ದು. ಗನಿಮಾತದಲ್ಲಿ ತೂಕ ಪಾದದ ಹೊರ ಅಂಚಿಗೆ ಜಾರುತ್ತದೆ, ಸೊಂಟ ಕೆಳಗೆ ಜೋತುಬೀಳುತ್ತದೆ, ಬೆನ್ನು ತುಸು ಬಾಗುತ್ತದೆ. ಕಣಕಾಲಿನ ಹೊರ ಬದಿಯ ಕಟ್ಟುಗಳಿಗೆ, ಮಂಡಿಯ ಹೊರಗಡೆಗೆ ಇದು ಭಾರ. ಮೊದಲ ದಿನ ಒಂದು ಸಲಕ್ಕೆ ಒಂದು ನಿಮಿಷ, ಒಟ್ಟು ಮೂರು ಸಲ ಸಾಕು. ಮಂಡಿ ಒಳಕ್ಕೆ ಬೀಳುತ್ತಿರುವವರನ್ನು ಆಗಲೇ ಎಬ್ಬಿಸಿಬಿಡಿ. ಹಳೆ ಉಳುಕು ಇದ್ದವರಿಗೆ ಬೇಡವೇ ಬೇಡ, ನಡಿಗೆ ಮಾತ್ರ ಸಾಕು.

ಹೆಜ್ಜೆಗುರುತು:

ಇಬ್ಬರಿಗೂ ತುಂಬ ಧನ್ಯವಾದ. ಇಷ್ಟು ಬಿಡಿಸಿ ಯಾರೂ ಹೇಳಿರಲಿಲ್ಲ. ಒಂದು ಸಂದೇಹ ಉಳಿಯಿತು. ಓನೋ ಅವರು ತರಗತಿಯಲ್ಲಿ ಹೆಜ್ಜೆ ಕಲಿಸುತ್ತಲೇ ಇರಲಿಲ್ಲ, ಮಾತಾಡಿ ‘ಕುಣಿಯಿರಿ’ ಎಂದು ಬಿಟ್ಟುಬಿಡುತ್ತಿದ್ದರು ಎಂದು ಓದಿದ್ದೇನೆ. ಹಿಜಿಕಾತ ಅವರ ಕಟ್ಟುನಿಟ್ಟಿಗೂ ಇದಕ್ಕೂ ತಾಳೆಯೇ ಆಗುವುದಿಲ್ಲವಲ್ಲ? ಇಬ್ಬರನ್ನೂ ಬುತೋ ಎಂಬ ಒಂದೇ ಹೆಸರಲ್ಲಿ ಹೇಗೆ ಹೇಳುವುದು?

ಉತ್ತರಗಾಳಿ:

ತಾಳೆಯಾಗುವುದಿಲ್ಲ ಎನ್ನುವುದು ಸರಿ, ಆ ಬಿರುಕನ್ನು ಮುಚ್ಚದೆ ನಿಮ್ಮ ಶಿಬಿರಾರ್ಥಿಗಳ ಮುಂದೆ ಹಾಗೇ ಇಡಿ. ಹಿಜಿಕಾತ ಅವರ ನಿಲುವು: ರೂಪ ಸಿಕ್ಕರೆ ಆತ್ಮ ಹಿಂದೆ ಬರುತ್ತದೆ. ಓನೋ ಅವರ ನಿಲುವು: ಆತ್ಮ ಇದ್ದರೆ ರೂಪ ತಾನಾಗಿ ಬರುತ್ತದೆ. ಬುತೋ ಈ ಎರಡರ ನಡುವಿನ ಎಳೆದಾಟ. ಮೇಲಿನ ಎರಡು ಉತ್ತರಗಳೂ ಒಳ್ಳೆಯವು, ಆದರೆ ಎರಡೂ ಹಿಜಿಕಾತ ಕಡೆಗೆ ವಾಲಿವೆ. ಓನೋ ಇಲ್ಲದಿದ್ದರೆ ಬುತೋದಲ್ಲಿ ಕತ್ತಲು ಮಾತ್ರ ಉಳಿಯುತ್ತಿತ್ತು ಎಂಬುದು ನನ್ನ ದೃಢ ಅಭಿಪ್ರಾಯ.

ಓನೋ ಯೊಕೊಹಾಮಾದ ಹೆಣ್ಣುಮಕ್ಕಳ ಕ್ರೈಸ್ತ ಶಾಲೆಯೊಂದರಲ್ಲಿ ವ್ಯಾಯಾಮ ಶಿಕ್ಷಕರಾಗಿದ್ದವರು, ಸ್ವತಃ ಕ್ರೈಸ್ತರು. 1929ರಲ್ಲಿ ತೋಕಿಯೋದ ಸಾಮ್ರಾಜ್ಯ ರಂಗಮಂದಿರದಲ್ಲಿ ‘ಲಾ ಅರ್ಜೆಂಟಿನಾ’ ಎಂದು ಹೆಸರಾದ ಸ್ಪೇನ್ ನೃತ್ಯದ ಕಲಾವಿದೆ ಅಂತೋನಿಯಾ ಮೆರ್ಸೆಯನ್ನು ನೋಡಿದರು. ಅದಾಗಿ ಸುಮಾರು ಐವತ್ತು ವರ್ಷ. 1976ರಲ್ಲಿ ನಕಾನಿಶಿ ನತ್ಸುಯುಕಿ ಬರೆದ ಅಮೂರ್ತ ಚಿತ್ರವೊಂದರಲ್ಲಿ ಆ ನರ್ತಕಿ ಅವರಿಗೆ ಮತ್ತೆ ಕಂಡಳು. ಮರುವರ್ಷ, ಎಪ್ಪತ್ತೊಂದರ ವಯಸ್ಸಿನಲ್ಲಿ, ‘ಲಾ ಅರ್ಜೆಂಟಿನಾಗೆ ನಮನ’ ಮಾಡಿದರು. ನಿರ್ದೇಶನ ಯಾರದು? ಹಿಜಿಕಾತ ಅವರದು. ಆತ್ಮ ಮೊದಲು ಅನ್ನುವವರ ಮಹಾಕೃತಿಗೆ ರೂಪ ಮೊದಲು ಅನ್ನುವವರು ನಿರ್ದೇಶಕರು.

ಆ ಕೃತಿಯ ಮೊದಲ ಭಾಗವನ್ನು ಶಿಬಿರದಲ್ಲಿ ಬಣ್ಣಿಸಿ. ಮುದುಕ, ಜೋತುಬಿದ್ದ ಚರ್ಮ, ಹೆಂಗಸಿನ ಗೌನು, ಹೂವಿನ ಹ್ಯಾಟು, ದಪ್ಪ ಬಳಿದ ಮುಖ. ಜನೇ ಕಾದಂಬರಿಯ ದಿವಿನ್ ಎಂಬ ಪಾತ್ರ ಪ್ರೇಕ್ಷಕರ ಸಾಲಿನಿಂದಲೇ ಎದ್ದು ಬಂದು ರಂಗದಲ್ಲಿ ಸಾಯುತ್ತದೆ. ಆ ಸಾವಿನಿಂದ ಮುಂದಿನ ಭಾಗದ ಹುಡುಗಿ ಹುಟ್ಟುತ್ತಾಳೆ. ಇಲ್ಲಿ ಗಂಡಸು ಹೆಂಗಸಿನ ವೇಷ ಹಾಕಿದ್ದಾನೆ ಎಂಬ ಭಾವ ಬರುವುದಿಲ್ಲ. ಗಂಡು, ಹೆಣ್ಣು, ಮುದುಕ, ಮಗು ಎಲ್ಲ ಒಂದೇ ಮೈಯಲ್ಲಿ ಬೀಡುಬಿಟ್ಟಿವೆ, ಒಂದೊಂದಾಗಿ ಹೊರಗೆ ಬರುತ್ತವೆ. ತಮ್ಮ ಮೈಯೊಳಗೆ ಸತ್ತ ಅಕ್ಕ ವಾಸವಾಗಿದ್ದಾಳೆ ಎಂದು ಹಿಜಿಕಾತ ಹೇಳುತ್ತಿದ್ದದ್ದೂ ಇದನ್ನೇ. ಸತ್ತವರು ನಮ್ಮೊಳಗೆ ಇದ್ದಾರೆ, ಕುಣಿಯುವಾಗ ಅವರಿಗೆ ಜಾಗ ಬಿಡಬೇಕು. ಇಬ್ಬರೂ ಕೂಡುವುದು ಈ ಒಂದು ಬಿಂದುವಿನಲ್ಲಿ. ನಾನು ನನ್ನ ಭಾವವನ್ನು ಹೊರಹಾಕುತ್ತೇನೆ ಎಂಬುದು ವಿಗ್ಮನ್ ಪರಂಪರೆ. ನನ್ನ ಮೈಯನ್ನು ಬೇರೆ ಏನೋ ಬಳಸಿಕೊಳ್ಳಲಿ ಎಂಬುದು ಬುತೋ. ಆ ‘ಬೇರೆ ಏನೋ’ ಒಬ್ಬರಿಗೆ ಹುಳು, ಬೂದಿ, ಬೇಕನ್ನನ ಚಿತ್ರ. ಇನ್ನೊಬ್ಬರಿಗೆ ತಾಯಿ, ದೇವರು, ಹಡಗಿನಿಂದ ನೀರಿಗೆ ಬಿಟ್ಟ ಹೆಣ.

ಈ ಕೃತಿ 1980ರಲ್ಲಿ ಫ್ರಾನ್ಸಿನ ನಾನ್ಸಿ ಉತ್ಸವಕ್ಕೆ ಹೋದ ಮೇಲೆ ಯುರೋಪು ಓನೋ ಅವರನ್ನು ಅಪ್ಪಿಕೊಂಡಿತು. ಹಿಜಿಕಾತ 1973ರ ನಂತರ ತಾವೇ ರಂಗಕ್ಕೆ ಬರಲಿಲ್ಲ, 1986ರ ಜನವರಿಯಲ್ಲಿ 57ರ ವಯಸ್ಸಿನಲ್ಲಿ ತೀರಿಕೊಂಡರು. ಓನೋ 103 ವರ್ಷ ಬದುಕಿ 2010ರಲ್ಲಿ ಹೋದರು. ನಡೆಯಲಾಗದಿದ್ದಾಗ ಕುರ್ಚಿಯಲ್ಲಿ ಕೂತು ಕೈಯಲ್ಲೇ ಕುಣಿದರು.

ಮುಂದಿನ ತಲೆಮಾರನ್ನು ಚುಟುಕಾಗಿ ಹೇಳಿ ಮುಗಿಸಿ. ಮಾರೋ ಅಕಾಜಿ 1972ರಲ್ಲಿ ಕಟ್ಟಿದ ದಾಯಿರಾಕುದಾಕಾನ್ ತಂಡದ್ದು ದೊಡ್ಡ, ಅಬ್ಬರದ, ಜಾತ್ರೆಯಂಥ ರಂಗ. ಅಮಗತ್ಸು ಉಶಿಓ 1975ರಲ್ಲಿ ಕಟ್ಟಿದ ಸಂಕಾಯಿ ಜುಕು ತಂಡದ್ದು ಬೋಳುತಲೆ, ಬಿಳಿ ಮೈ, ಮರಳು, ನೀರು, ಗುರುತ್ವದ ಜೊತೆ ಸಂವಾದ. ನಿಮ್ಮ ಶಿಬಿರಾರ್ಥಿಗಳು ಮೊಬೈಲಿನಲ್ಲಿ ನೋಡಿರುವ ಚಿತ್ರಗಳಲ್ಲಿ ಹೆಚ್ಚಿನವು ಇವರವು. ತನಾಕ ಮಿನ್ 1985ರಿಂದ ಯಮನಾಶಿಯ ಹಕುಶು ಹಳ್ಳಿಯಲ್ಲಿ ಹೊಲ ಉಳುತ್ತ ನರ್ತಕರನ್ನು ತಯಾರು ಮಾಡಿದರು. ಮೂವರಲ್ಲಿ ಒಬ್ಬರ ಕೆಲಸ ಇನ್ನೊಬ್ಬರಂತಿಲ್ಲ.

ಓನೋ ದಾರಿಯ ಒಂದು ಅಭ್ಯಾಸ ಕಡೆಯ ಅರ್ಧ ಗಂಟೆಗೆ ಇಡಿ. ಪ್ರತಿಯೊಬ್ಬರಿಗೂ ಒಂದೊಂದು ಟಿಶ್ಯೂ ಕಾಗದ. ಅದನ್ನು ಬೆರಳ ತುದಿಯಲ್ಲಿ ಹಿಡಿದು, ಅದು ಹರಿಯದಂತೆ, ಮುದುಡದಂತೆ ಐದು ನಿಮಿಷ ಅದರ ಜೊತೆ ಇರಬೇಕು. ಆಮೇಲೆ ಕಾಗದ ತೆಗೆದುಕೊಂಡು ಬಿಡಿ, ಕೈ ಹಾಗೇ ಉಳಿಯಲಿ. ‘ನಾಜೂಕು’ ಎಂಬ ಪದ ಹೇಳದೆಯೇ ನಾಜೂಕು ಮೈಗೆ ಬರುತ್ತದೆ. ಇಲ್ಲಿ ಕೆಡುವುದು ಸಂಗೀತ ಹಾಕಿದಾಗ. ಹಾಡು ಬಂದರೆ ಹಾಡಿನ ಭಾವಕ್ಕೆ ಕುಣಿಯುತ್ತಾರೆ, ಕಾಗದ ನೆಪವಾಗುತ್ತದೆ.

ಬಣ್ಣದಪೆಟ್ಟಿಗೆ:

ಬಿಳಿ ಬಣ್ಣದ ಪ್ರಶ್ನೆ ಹಾಗೇ ಉಳಿಯಿತು. ಜಪಾನಿನ ಸಾಂಪ್ರದಾಯಿಕ ನಾಟಕವಾದ ಕಬುಕಿಯಲ್ಲಿ ಮೊದಲು ಮೇಣದಂಥ ಎಣ್ಣೆ ಹಚ್ಚಿ, ಅದರ ಮೇಲೆ ನೀರಿನಲ್ಲಿ ಕಲಸಿದ ‘ಒಶಿರೋಯಿ’ ಎಂಬ ಬಿಳಿಯನ್ನು ಅಗಲ ಬ್ರಷ್ಷಿನಲ್ಲಿ ಬಳಿಯುತ್ತಾರೆ. ಹಿಂದೆ ಅದರಲ್ಲಿ ಸೀಸವಿತ್ತು, ನಟರಿಗೆ ವಿಷ ಏರಿದ್ದು ದಾಖಲಾಗಿದೆ. ಅಂದ ಹೆಚ್ಚಿಸುವುದಕ್ಕೆ ಆ ಬಿಳಿ. ಬುತೋದ ಬಿಳಿ ಚಹರೆ ಅಳಿಸುವುದಕ್ಕೆ: ಇವನು ಯಾರು, ವಯಸ್ಸೆಷ್ಟು ಎಂಬುದು ಹಿಂದೆ ಸರಿದು ಪಕ್ಕೆಲುಬು, ಸ್ನಾಯು, ಚರ್ಮದ ಮಡಿಕೆ ಮುಂದೆ ಬರುತ್ತವೆ. ಅದಕ್ಕೇ ಅದು ನುಣ್ಣಗಿರಬೇಕಿಲ್ಲ. ಬೆವರಿಗೆ ಬಿರಿದು ಉದುರಿದರೆ ಅದೂ ಕೃತಿಯ ಭಾಗ.

ಯಾವುದನ್ನು ಬಳಸಬಾರದು ಎಂಬುದು ಮುಖ್ಯ. ಸುಣ್ಣ ಬೇಡ, ಚರ್ಮ ಸುಡುತ್ತದೆ. ಪ್ಲಾಸ್ಟರ್ ಆಫ್ ಪ್ಯಾರಿಸ್ ಬೇಡ, ಗಟ್ಟಿಯಾಗುವಾಗ ಬಿಸಿ ಏರುತ್ತದೆ, ರೋಮ ಹಿಡಿದು ಕಿತ್ತುಬರುತ್ತದೆ. ಗೋಡೆಯ ಡಿಸ್ಟೆಂಪರ್, ಪೋಸ್ಟರ್ ಬಣ್ಣ ಬೇಡ. ನಾಟಕದ ಮೇಕಪ್ ಸಾಮಾನಿನಲ್ಲಿ ಸಿಗುವ ನೀರಿನ ಬಿಳಿ ಪ್ಯಾನ್‌ಕೇಕ್ ಸಾಕು. ಇಲ್ಲವೇ ಮೇಕಪ್ಪಿಗೆಂದೇ ಮಾರುವ ಜಿಂಕ್ ಆಕ್ಸೈಡ್ ಪುಡಿಯನ್ನು ಸ್ವಲ್ಪ ಸ್ವಲ್ಪ ನೀರು ಹಾಕಿ ಗಂಟಿಲ್ಲದಂತೆ ಅರೆದು, ಮಜ್ಜಿಗೆಯ ಹದಕ್ಕೆ ತಂದು, ಚಿಕ್ಕ ಬಟ್ಟಲಿಗೆ ಐದಾರು ಹನಿ ಗ್ಲಿಸರಿನ್ ಬೆರೆಸಿ. ಗ್ಲಿಸರಿನ್ ಇಲ್ಲದಿದ್ದರೆ ಒಣಗಿದ ಕೂಡಲೇ ಹಿಟ್ಟಿನಂತೆ ಉದುರಿ ಮೂಗಿಗೆ ಹೋಗುತ್ತದೆ, ಹೆಚ್ಚಾದರೆ ಒಣಗುವುದೇ ಇಲ್ಲ, ಅಂಟಂಟು. ಪುಡಿ ತಳಕ್ಕೆ ಕೂರುತ್ತದೆ, ಪ್ರತಿ ಸಲ ಅದ್ದುವ ಮುಂಚೆ ಕಲಕಬೇಕು.

ಹಿಂದಿನ ದಿನವೇ ಮೊಣಕೈ ಒಳಬದಿಗೆ ಒಂದು ಬೊಟ್ಟು ಹಚ್ಚಿ ನೋಡಿ. ಕೆಂಪಾದವರಿಗೆ, ಗಾಯ ಇದ್ದವರಿಗೆ, ಅಂದೇ ಶೇವ್ ಮಾಡಿದ ಜಾಗಕ್ಕೆ ಬೇಡ. ಸ್ಪಂಜನ್ನು ಹಿಂಡಿ ತೆಳ್ಳಗೆ ಒಂದು ಕೋಟು, ಪೂರ್ತಿ ಒಣಗಿದ ಮೇಲೆ ಇನ್ನೊಂದು. ದಪ್ಪಗೆ ಒಂದೇ ಸಲ ಬಳಿದರೆ ಮೊಣಕೈ, ಮಂಡಿ, ಕತ್ತಿನಲ್ಲಿ ಹೆಂಚಿನಂತೆ ಬಿರಿಯುತ್ತದೆ. ಕಣ್ಣಿನ ರೆಪ್ಪೆಯ ಅಂಚಿನಿಂದ ಅರ್ಧ ಬೆರಳು ದೂರ ಬಿಡಿ. ಪಾದದಡಿ ಬಳಿಯಲೇಬೇಡಿ, ಒದ್ದೆಯಾದರೆ ಜಾರುತ್ತದೆ. ನಿಮ್ಮದು ಒಂದು ದಿನದ ಶಿಬಿರ, ಮೈಯೆಲ್ಲ ಬಳಿದು ತೊಳೆಯಲು ಹದಿನಾಲ್ಕು ಜನಕ್ಕೆ ಎರಡು ಗಂಟೆ ಹೋಗುತ್ತದೆ. ಮುಖ ಮತ್ತು ಮುಂಗೈ ಮಾತ್ರ ಸಾಕು, ಅದೂ ನಡಿಗೆಯ ಎರಡನೇ ಸುತ್ತಿಗೆ. ಮೊದಲ ಸುತ್ತು ಬಣ್ಣವಿಲ್ಲದೆ ಮಾಡಿಸಿದರೆ ಬಣ್ಣ ಏನು ಮಾಡುತ್ತದೆ ಎಂದು ನೋಡುವ ಗುಂಪಿಗೆ ತಾನಾಗಿ ತಿಳಿಯುತ್ತದೆ.

ಬೆಳಕು: ಬಿಳಿ ಮೈ ಎದುರು ಬೆಳಕನ್ನೆಲ್ಲ ಹಿಂದಕ್ಕೆ ಎಸೆದು ಚಪ್ಪಟೆಯಾಗುತ್ತದೆ. ಟ್ಯೂಬ್‌ಲೈಟ್ ಆರಿಸಿ. ಬದಿಯಿಂದ, ಸೊಂಟದ ಎತ್ತರದಲ್ಲಿ, ಹಳದಿ ಬಲ್ಬಿನ ಒಂದೇ ದೀಪ ಇಡಿ. ಪಕ್ಕೆಲುಬಿನ ನೆರಳು ಬಿದ್ದರೆ ಸರಿಯಾದ ಜಾಗದಲ್ಲಿದೆ ಎಂದರ್ಥ.

ಹೆಜ್ಜೆಗುರುತು:

ಹಾಗಾದರೆ ಹೀಗೆ ಮಾಡುತ್ತೇನೆ: ನಡಿಗೆ ಬಣ್ಣವಿಲ್ಲದೆ ನಲವತ್ತು ನಿಮಿಷ, ಹುಳು ಐವತ್ತು, ಬಿಡುವು, ಮುಖಕ್ಕೆ ಬಿಳಿ ಹಚ್ಚಿ ಮತ್ತೆ ನಡಿಗೆ, ಕೊನೆಗೆ ಕಾಗದ. ಬೆಳಿಗ್ಗೆ ಇಜುಮೆ ಬುಟ್ಟಿಯಿಂದ ಶುರು, ತಾರೀಖುಗಳು ಆಮೇಲೆ. ತಂಡದ ಇಬ್ಬರು ಹಗ್ಗದಲ್ಲಿ ತಲೆಕೆಳಗಾಗಿ ಇಳಿಯುವ ದೃಶ್ಯ ಮಾಡಿ ನೋಡೋಣ ಅನ್ನುತ್ತಿದ್ದಾರೆ, ಸಂಕಾಯಿ ಜುಕು ನೋಡಿ.

ಮಂಡಿಮಾತು:

ಹಗ್ಗ ಬೇಡ. ವರ್ಷಗಟ್ಟಲೆ ಅದನ್ನೇ ಅಭ್ಯಾಸ ಮಾಡಿದ್ದ ಸಂಕಾಯಿ ಜುಕು ತಂಡದಲ್ಲೇ 1985ರಲ್ಲಿ ಅಮೆರಿಕದ ಸಿಯಾಟಲ್‌ನಲ್ಲಿ ಕಟ್ಟಡದಿಂದ ಇಳಿಯುವಾಗ ಹಗ್ಗ ತುಂಡಾಗಿ ಒಬ್ಬ ನರ್ತಕರು ಜೀವ ಕಳೆದುಕೊಂಡರು. ಆ ಇಬ್ಬರಿಗೆ ಜೇಡನ ನೂಲಿನ ಶರತ್ತನ್ನು ಇನ್ನೂ ಹತ್ತು ನಿಮಿಷ ಹೆಚ್ಚಿಗೆ ಕೊಡಿ, ನೆಲದ ಮೇಲೆ ನಿಂತೇ ತೂಗಲಿ.

ನಿಮ್ಮ ಸಮಯದ ಪಟ್ಟಿ ಚೆನ್ನಾಗಿದೆ. ಹುಳುವಿನ ಮುಂಚೆ ಊಟ ಆಗಿ ಕನಿಷ್ಠ ಒಂದೂವರೆ ಗಂಟೆ ಆಗಿರಲಿ.